ಅತ್ತೆಗೆ ಓದಿ ಹೇಳಿದ ಪುಸ್ತಕಗಳು

ಶ್ರೀವಿದ್ಯಾಗೆ ಕನ್ನಡ ಮಾತಾಡಲು ಬರುತ್ತಿತ್ತು, ಓದಲು ಬರುತ್ತಿರಲಿಲ್ಲ. ತಾತನ ಕಾಲದಲ್ಲಿ ಕುಂಭಕೋಣ ಬಿಟ್ಟು ಮದರಾಸಿಗೆ ಬಂದು ತಿರುವಲ್ಲಿಕ್ಕೇಣಿಯಲ್ಲಿ ನೆಲೆನಿಂತ ಮಾಧ್ವರ ಮನೆ ಅವಳದು. ಮನೆಯೊಳಗಿನ ಮಾತು ಕನ್ನಡವೇ, ಆದರೆ ಅದರಲ್ಲಿ ಅರ್ಧಕ್ಕರ್ಧ ತಮಿಳು. ಶಾಲೆ, ಕಾಲೇಜು, ಪತ್ರಿಕೆ, ಬಸ್ಸಿನ ಬೋರ್ಡು ಎಲ್ಲ ತಮಿಳು. ಮದುವೆಯಾಗಿ ಕ್ರೋಂಪೇಟೆಗೆ ಬಂದ ಹೊಸದರಲ್ಲಿ ಅವಳು "ಅತ್ತೆ, ಸಾರು ರೊಂಬ ಚೆನ್ನಾಗಿದೆ" ಎಂದಾಗ, ನಂಜನಗೂಡಿನಲ್ಲಿ ಹುಟ್ಟಿ ಬೆಳೆದ ಶಾರದಮ್ಮ ಸೆರಗಿನಿಂದ ಬಾಯಿ ಮುಚ್ಚಿಕೊಂಡು ನಕ್ಕಿದ್ದರು. "ನಿನ್ನ ಹೆಂಡತಿ ಯಾವ ಭಾಷೆ ಆಡ್ತಾಳೋ ಮಧು?" ಎಂದು ಮಗನನ್ನು ಕೇಳಿದ್ದರು. ಅದರಲ್ಲಿ ಹೀಯಾಳಿಕೆ ಇರಲಿಲ್ಲ.

ಆ ನಗು ತೊಂಬತ್ತೆಂಟರಲ್ಲಿ ನಿಂತುಹೋಯಿತು. ಆ ವರ್ಷ ಒಂದು ಬೆಳಿಗ್ಗೆ ಆಫೀಸಿಗೆ ಹೊರಟ ಮಧುಸೂದನ್, ಸ್ಟೇಷನ್ನಿನ ಹತ್ತಿರ ಎಲ್ಲರ ಹಾಗೆ ಹಳಿ ದಾಟುವಾಗ, ಎದುರು ದಿಕ್ಕಿನಿಂದ ಬಂದ ರೈಲಿಗೆ ಸಿಕ್ಕಿ ಸತ್ತ. ಅವತ್ತು ಬೆಳಿಗ್ಗೆ ಗಂಡ ಹೆಂಡತಿಗೆ ಸಣ್ಣದೊಂದು ಜಗಳ ಆಗಿತ್ತು. ಚಿಕ್ಕಪ್ಪನ ಮಗಳ ಮದುವೆಗೆ ಹಿಂದಿನ ದಿನವೇ ಹೋಗಬೇಕೆಂದು ಅವಳು, ರಜೆ ಇಲ್ಲವೆಂದು ಅವನು. ತಿಂಡಿ ತಿನ್ನದೆ ಚಪ್ಪಲಿ ಮೆಟ್ಟಿಕೊಂಡು ಹೊರಟುಹೋಗಿದ್ದ. ಸಾವಿನ ಮನೆಗೆ ಬಂದವರಿಗೆಲ್ಲ ಶಾರದಮ್ಮ ಒಂದೇ ಮಾತು ಹೇಳಿದರು. "ಹಸಿದ ಹೊಟ್ಟೇಲಿ ಕಳಿಸಿದ್ಲು. ತಲೆ ಕೆಟ್ಟು ಹೋದ ನನ್ನ ಮಗ."

ಅವನು ಕೆಲಸ ಮಾಡುತ್ತಿದ್ದ ವಿಮಾ ಕಂಪನಿಯವರು ಅನುಕಂಪದ ಆಧಾರದ ಮೇಲೆ ಶ್ರೀವಿದ್ಯಾಗೆ ಒಂದು ಗುಮಾಸ್ತೆಯ ಕೆಲಸ ಕೊಟ್ಟರು. ತವರಿನಲ್ಲಿ ಅವಳಿಗೆ ಆಸರೆಯಾಗುವವರು ಯಾರೂ ಉಳಿದಿರಲಿಲ್ಲ. ಶಾರದಮ್ಮನ ಮಗಳು ಕೌಸಲ್ಯಾ ಅಂಬತ್ತೂರಿನಲ್ಲಿದ್ದಳು. ಗಂಡನಿಗೆ ಅಲ್ಲೇ ಕೈಗಾರಿಕಾ ಎಸ್ಟೇಟಿನ ಕಾರ್ಖಾನೆಯಲ್ಲಿ ಕೆಲಸ, ಚಿಕ್ಕ ಮನೆ, ಜೊತೆಗೆ ಅವಳ ಅತ್ತೆ ಮಾವ. ಹಾಗಾಗಿ ಕ್ರೋಂಪೇಟೆಯ ಬಾಡಿಗೆ ಮನೆಯಲ್ಲಿ ಇಬ್ಬರು ಹೆಂಗಸರು ಉಳಿದರು. "ಅನ್ನ ಆಗಿದೆ", "ಗ್ಯಾಸ್ ಬಂತು", "ನೀರು ನಿಂತಿದೆ" ಇಂಥ ಮಾತುಗಳಲ್ಲಿ ವರ್ಷಗಳು ಕಳೆದವು. ಬೆಳಿಗ್ಗೆ ಸ್ನಾನವಾದ ಮೇಲೆ ಶಾರದಮ್ಮ ದೇವರ ಮುಂದೆ ಕೂತು ದಪ್ಪ ರಟ್ಟಿನ ಪಾರಾಯಣದ ಪುಸ್ತಕ ತೆರೆದು, ತುಟಿ ಆಡಿಸುತ್ತ ಒಂದು ಅಧ್ಯಾಯ ಓದುತ್ತಿದ್ದರು. ಆ ಪಿಸುಗುಟ್ಟುವಿಕೆ ಕೇಳುತ್ತಲೇ ಶ್ರೀವಿದ್ಯಾ ಡಬ್ಬಿ ಕಟ್ಟಿಕೊಂಡು ರೈಲಿಗೆ ಹೋಗುತ್ತಿದ್ದಳು. ಹಳಿ ದಾಟದೆ, ಮೇಲಿನ ಸೇತುವೆ ಹತ್ತಿ ಇಳಿದು.

ಆಮೇಲೆ ಶಾರದಮ್ಮನ ಕಣ್ಣು ಹೋಯಿತು. ಒಂದೇ ಸಲಕ್ಕಲ್ಲ. ಮೊದಲು ಪಕ್ಕದಲ್ಲಿರುವುದು ಕಾಣಿಸದಾಯಿತು, ಬಾಗಿಲ ಚೌಕಟ್ಟಿಗೆ ಭುಜ ತಾಗತೊಡಗಿತು. ಡಾಕ್ಟರಿಗೆ ತೋರಿಸುವಷ್ಟರಲ್ಲಿ ಕಣ್ಣಿನ ನರ ಒಣಗಿಹೋಗಿತ್ತು. ಇನ್ನು ಆಪರೇಷನ್ ಮಾಡಿ ಪ್ರಯೋಜನವಿಲ್ಲ ಎಂದರು. ಎರಡು ಸಾವಿರದ ಮೂರರ ದೀಪಾವಳಿಯ ಹೊತ್ತಿಗೆ ಅವರಿಗೆ ಕಾಣುತ್ತಿದ್ದದ್ದು ಬೆಳಕು ಯಾವ ಕಡೆ ಇದೆ ಎಂಬುದಷ್ಟೇ.

ಪಾರಾಯಣದ ಪುಸ್ತಕ ಮುಚ್ಚಿ ದೇವರ ಗೂಡಿನಲ್ಲಿ ಕೂತಿತು. ಶ್ರೀವಿದ್ಯಾಗೆ ಅದನ್ನು ನೋಡಿದಾಗಲೆಲ್ಲ ಸಂಕಟ. ಇಷ್ಟು ವರ್ಷ ಆ ಮುದುಕಿಯನ್ನು ನಿಲ್ಲಿಸಿದ್ದು ಅದೊಂದೇ ಎಂದು ಅವಳ ಎಣಿಕೆ. ಸ್ಟೇಷನ್ನಿನ ಪುಸ್ತಕದಂಗಡಿಯಲ್ಲಿ ತಮಿಳಿನ ಮೂಲಕ ಕನ್ನಡ ಕಲಿಸುವ ತೆಳ್ಳನೆಯ ಪುಸ್ತಕವೊಂದು ಸಿಕ್ಕಿತು. ಹೋಗುತ್ತ ಬರುತ್ತ, ಹೆಂಗಸರ ಬೋಗಿಯ ನೂಕುನುಗ್ಗಲಿನಲ್ಲಿ ಕಂಬ ಹಿಡಿದು ನಿಂತೇ ಅಕ್ಷರ ಕಲಿತಳು. ಕಾಗುಣಿತ ಕೈಗೆ ಹತ್ತಿದ ಮೇಲೆ ಒಂದು ಭಾನುವಾರ ಸ್ನಾನ ಮಾಡಿ ಪಾರಾಯಣದ ಪುಸ್ತಕ ತೆಗೆದುಕೊಂಡು ಅತ್ತೆಯ ಎದುರು ಕೂತಳು.

"ಅತ್ತೆ, ನಾನು ಓದಿ ಹೇಳ್ತೀನಿ."

"ನೀನಾ? ನಿಂಗೆಲ್ಲಿ ಕನ್ನಡ ಬರತ್ತೆ?"

"ಕಲಿತೆ."

 ಶ್ರೀವಿದ್ಯಾ ಓದತೊಡಗಿದಳು. ಮೊದಲ ಸಾಲಿನಲ್ಲೇ ಒತ್ತಕ್ಷರಗಳು ಒಂದರ ಕಾಲಿಗೆ ಒಂದು ಜೋತುಬಿದ್ದು ಅವಳನ್ನು ತಡೆದವು. "ಇದು ಏನೋ... ಕೆಳಗೆ ಸುರುಳಿ ಥರ ಇದೆ ಅತ್ತೆ."

"ಕೈ ತಾ" ಎಂದರು ಶಾರದಮ್ಮ. ಶ್ರೀವಿದ್ಯಾಳ ಅಂಗೈ ಹಿಡಿದು ಬೆರಳಿನಿಂದ ಅದರ ಮೇಲೆ ಬರೆದರು. "ಹೀಗಿದೆಯಾ? ಅದು ತ ಒತ್ತು. ಹೀಗಿದೆಯಾ? ಹಾಗಾದ್ರೆ ರ."

ಮಧು ಹೋದ ಮೇಲೆ ಅತ್ತೆ ತನ್ನನ್ನು ಮುಟ್ಟಿದ್ದು ಅದೇ ಮೊದಲು ಎಂದು ಶ್ರೀವಿದ್ಯಾಗೆ ಹೊಳೆಯಿತು. ಅರ್ಧ ಪುಟವಾಗುವಷ್ಟರಲ್ಲಿ ಶಾರದಮ್ಮ ಕೈ ಬಿಟ್ಟು, "ಸಾಕು. ಇದು ಬೇಡ" ಎಂದರು.

"ನಾನು ಸರಿಯಾಗಿ ಓದ್ತಿಲ್ವಾ?"

"ಅದಲ್ಲ. ಬೇಡ ಅಂದ್ನಲ್ಲ. ಬೇರೆ ಏನಾದ್ರೂ ಓದು, ಓದೋದಾದ್ರೆ."

ಬೇರೆ ಏನು ಓದುವುದು? ಮನೆಯಲ್ಲಿ ಆ ಪುಸ್ತಕ, ಪಂಚಾಂಗ ಬಿಟ್ಟರೆ ಕನ್ನಡದ ಒಂದು ಹಾಳೆ ಇರಲಿಲ್ಲ. ಮಾಂಬಲಂ ಸ್ಟೇಷನ್ನಿನಲ್ಲಿ ಇಳಿದು ಸ್ವಲ್ಪ ದೂರ ನಡೆದರೆ ಒಂದು ಕನ್ನಡ ಸಂಘವಿದೆ, ಅಲ್ಲೊಂದು ಪುಸ್ತಕದ ಕೋಣೆಯಿದೆ ಎಂದು ಆಫೀಸಿನಲ್ಲಿ ಯಾರೋ ಹೇಳಿದರು. ಹೋದಳು. ಕೋಣೆಯ ಬೀಗದ ಕೈ ಹರಿದಾಸ ಎಂಬುವರ ಹತ್ತಿರ ಇತ್ತು. ರೈಲ್ವೆಯಿಂದ ನಿವೃತ್ತರಾದವರು, ಧಾರವಾಡದ ಕಡೆಯವರು. ಗೋಡೆಯುದ್ದಕ್ಕೂ ಕಬ್ಬಿಣದ ರ‍್ಯಾಕು. ಪುಸ್ತಕಗಳನ್ನು ಯಾವ ಕ್ರಮವೂ ಇಲ್ಲದೆ ತುರುಕಿದ್ದರು. ವೇದಾಂತದ ಪಕ್ಕ ಪತ್ತೇದಾರಿ, ಅದರ ಮೇಲೆ ಅಡ್ಡಲಾಗಿ ಯಾವುದೋ ರಾಜವಂಶದ ಚರಿತ್ರೆ. ಗೆದ್ದಲು ಹಿಡಿಯದಿರಲೆಂದು ಇಟ್ಟ ನುಸಿಗುಳಿಗೆಯ ವಾಸನೆ.

"ಯಾರಿಗ್ರೀ, ನಿಮಗ?" ಎಂದು ಹರಿದಾಸರು ಕೇಳಿದರು.

"ನಮ್ಮ ಅತ್ತೆಗೆ. ಕಣ್ಣು ಕಾಣಲ್ಲ. ನಾನು ಓದಿ ಹೇಳ್ಬೇಕು. ನನಗೆ ಅಷ್ಟಾಗಿ ಬರಲ್ಲ, ಸುಲಭವಾಗಿರೋದು ಕೊಡಿ ಸಾರ್."

ಅವರು ಒಂದಿಷ್ಟು ಹುಡುಕಿ, ಮುಖಪುಟ ಹರಿದುಹೋದ ಪತ್ತೇದಾರಿ ಕಾದಂಬರಿಯೊಂದನ್ನು ಕೊಟ್ಟರು. "ಇದಕ್ಕಿಂತ ಸುಲಭ ಕನ್ನಡ ಇಲ್ರೀ. ಮಾತು ಭಾಳ, ವರ್ಣನಾ ಕಮ್ಮಿ."

"ದೇವರ ಮನೆ ಇರೋ ಕಡೆ ಕೊಲೆ ಕಥೆಯೇ?" ಎಂದು ಶಾರದಮ್ಮ ಮುಖ ಸಿಂಡರಿಸಿದರು. ಆದರೂ ಎದ್ದು ಹೋಗಲಿಲ್ಲ. ಮಡಿಕೇರಿಯ ಕಡೆಯ ಒಬ್ಬ ಕಾಫಿ ತೋಟದ ಸಾಹುಕಾರ, ತಮ್ಮನ ಮಗಳ ನಿಶ್ಚಿತಾರ್ಥದ ದಿನ ವಿಷ ಕುಡಿದು ಸತ್ತಿರುತ್ತಾನೆ. ಮನೆಯಲ್ಲಿ ಇರುವವರೆಲ್ಲ ಒಬ್ಬರ ಮೇಲೆ ಒಬ್ಬರು ಅನುಮಾನ ಪಡುತ್ತಾರೆ. ಶ್ರೀವಿದ್ಯಾ ತಡವರಿಸುತ್ತ, ನಿಲ್ಲುತ್ತ, ಅಂಗೈ ಚಾಚುತ್ತ ಓದಿದಳು. ಮೂರನೆಯ ಸಂಜೆ ಅವಳು ಆಫೀಸಿನಿಂದ ಬಂದು ಇನ್ನೂ ಕಾಲು ತೊಳೆದಿರಲಿಲ್ಲ. ಶಾರದಮ್ಮ ಒಳಗಿನಿಂದ, "ಆ ಅಡಿಗೆಯವನ ಮೇಲೆ ನಂಗೆ ಅನುಮಾನ ಕಣೇ" ಎಂದರು.

"ಯಾವ ಅಡಿಗೆಯವನು ಅತ್ತೆ?"

"ಅಯ್ಯೋ, ನಿನ್ನೆ ಓದಿದ್ದು ಇವತ್ತು ಮರೆತುಬಿಟ್ಯಾ? ಪಾನಕದ ಲೋಟ ಯಾರು ತೊಳೆದಿಟ್ಟಿದ್ದು?"

ಅವತ್ತು ಅವರ ಮನೆಯಲ್ಲಿ ಅನ್ನ, ಗ್ಯಾಸು, ನೀರು ಬಿಟ್ಟು ಬೇರೆ ಮಾತು ಬಂತು. ಒಂದಾದ ಮೇಲೊಂದು ಪತ್ತೇದಾರಿ ಪುಸ್ತಕಗಳು ಬಂದವು. ಶಾರದಮ್ಮ ಕೊಲೆಗಾರನನ್ನು ಮೊದಲೇ ಹಿಡಿಯುವುದರಲ್ಲಿ ಪಳಗಿದರು. ಶ್ರೀವಿದ್ಯಾಳ ಕನ್ನಡ ಓಟಕ್ಕೆ ಬಂತು. ಆಫೀಸಿನಲ್ಲಿ ಕೂತಿದ್ದಾಗ ಸಂಜೆಯ ಅಧ್ಯಾಯ ನೆನಪಾಗಿ ಬೇಗ ಮನೆಗೆ ಹೋಗಬೇಕೆನ್ನಿಸುವುದು ಅವಳಿಗೇ ಹೊಸದಾಗಿತ್ತು.

ಆ ಮಳೆಗಾಲದಲ್ಲಿ ಓದಿದ ಒಂದು ಕಾದಂಬರಿಯ ಕೊನೆಯಲ್ಲಿ ಪತ್ತೇದಾರ ಮನೆಯವರನ್ನೆಲ್ಲ ಹಜಾರದಲ್ಲಿ ಕೂರಿಸಿ, ಸಾವಿನ ದಿನ ಬೆಳಿಗ್ಗೆಯಿಂದ ಯಾರು ಯಾರು ಏನೇನು ಮಾಡಿದರೆಂದು ಒಬ್ಬೊಬ್ಬರಿಂದಲೇ ಹೇಳಿಸುತ್ತಾನೆ. ಕೊನೆಗೆ ಮನೆಯ ಡಾಕ್ಟರೇ ತಪ್ಪಿತಸ್ಥನೆಂದು ಬಯಲಾಗುತ್ತದೆ. ಶ್ರೀವಿದ್ಯಾ ಪುಸ್ತಕ ಮುಚ್ಚಿದಳು. 

"ಈ ಪುಸ್ತಕಗಳಲ್ಲಿ ಇದೊಂದು ಚೆನ್ನಾಗಿದೆ. ಕೊನೆಗೆ ಯಾರಾದ್ರೂ ಒಬ್ಬ ಸಿಕ್ಕೇ ಸಿಕ್ತಾನೆ" ಎಂದರು ಶಾರದಮ್ಮ. "ಇವನು ಮಾಡಿದ್ದು ಅಂತ ಬೆರಳು ತೋರಿಸಬಹುದು. ನಮ್ಮ ಮನೇಲಿ ಯಾರು ಸಿಕ್ರು?"

ಶ್ರೀವಿದ್ಯಾ ತಡೆದುಕೊಳ್ಳಬಹುದಿತ್ತು. ಅಷ್ಟು ವರ್ಷ ತಡೆದುಕೊಂಡೇ ಬಂದಿದ್ದಳು.

"ನಾನೇ ಸಿಕ್ಕಿದೆನಲ್ಲ ಅತ್ತೆ" ಎಂದಳು.

ಹೊರಗೆ ಮಳೆ ಸುರಿಯುತ್ತಿತ್ತು. ಶಾರದಮ್ಮನ ಮುಖ ಗೋಡೆಯ ಕಡೆ ತಿರುಗಿತು.   ಗೋಡೆ ತಡವುತ್ತ ಎದ್ದು ಹೋಗಿ ಮಲಗಿಬಿಟ್ಟರು.

ಅವತ್ತಿನಿಂದ ಓದು ನಿಂತಿತು. ಮತ್ತೆ ಅನ್ನ, ಗ್ಯಾಸು, ನೀರು. ಸಂಜೆ ಮನೆಗೆ ಬಂದರೆ ಶಾರದಮ್ಮ ಕತ್ತಲೆಯಲ್ಲೇ ಕೂತಿರುತ್ತಿದ್ದರು. ಅವರಿಗೆ ದೀಪದ ಅಗತ್ಯವಿರಲಿಲ್ಲ ನಿಜ. ಆದರೂ ಶ್ರೀವಿದ್ಯಾ ಬಾಗಿಲು ತೆರೆದವಳೇ ಮೊದಲು ದೀಪ ಹಾಕುತ್ತಿದ್ದಳು. ಆಡಬಾರದ ಮಾತು ಆಡಿದೆ ಎಂದು ಕೆಲವು ದಿನ, ಆಡಿದ್ದರಲ್ಲಿ ತಪ್ಪೇನು ಎಂದು ಕೆಲವು ದಿನ ತನ್ನೊಳಗೇ ವಾದ ಮಾಡಿಕೊಂಡಳು. ಪುಸ್ತಕ ಹಿಂತಿರುಗಿಸಲು ಹೋದಾಗ ಹರಿದಾಸರು, "ಅತ್ತಿಯವರು ಆರಾಮ ಇದಾರಿಲ್ಲೋ?" ಎಂದು ಕೇಳಿದರು. "ಇನ್ನು ಕೊಲೆ ಕಥೆ ಬೇಡ ಸಾರ್" ಎಂದಷ್ಟೇ ಹೇಳಿದಳು. ಅವರು ಬೇರೊಂದು ಪುಸ್ತಕ ಕೊಟ್ಟರು. ಹಳೇ ಮೈಸೂರಿನಲ್ಲಿ ಪ್ಲೇಗು ಬಂದ ಕಾಲದ ಚರಿತ್ರೆ. ಸಣ್ಣ ಅಕ್ಷರ, ನಡುನಡುವೆ ಮಸುಕು ಫೋಟೋಗಳು.

ಅದನ್ನು ಅವಳು ಅತ್ತೆಗೆಂದು ಓದಲಿಲ್ಲ. ಅಡಿಗೆಮನೆಯಲ್ಲಿ ಕೂತು ತನ್ನಷ್ಟಕ್ಕೆ ಓದಿಕೊಳ್ಳುತ್ತಿದ್ದಳು. ಆದರೆ ಗಟ್ಟಿಯಾಗಿ ಓದದೆ ಅವಳಿಗೆ ಅರ್ಥವಾಗುತ್ತಿರಲಿಲ್ಲ. ಊರು ಬಿಟ್ಟು ಜನ ಹೊಲಗಳಲ್ಲಿ ಗುಡಿಸಲು ಹಾಕಿಕೊಂಡದ್ದು, ಇಲಿ ಸತ್ತ ಮನೆಗೆ ಬೀಗ ಬಿದ್ದದ್ದು, ಬೀದಿಗಟ್ಟಲೆ ಹೆಣಗಳು. ಮೂರು ನಾಲ್ಕು ಸಂಜೆಗಳಾದ ಮೇಲೆ ನಡುಮನೆಯಿಂದ ದನಿ ಬಂತು.

"ನಂಜನಗೂಡಿನದ್ದು ಇದೆಯಾ ಅದ್ರಲ್ಲಿ?"

"ನೋಡ್ತೀನಿ ಅತ್ತೆ."

"ಇಲ್ಲಿ ಬಂದು ಓದು. ಅಲ್ಲಿಂದ ಸರಿಯಾಗಿ ಕೇಳ್ಸಲ್ಲ."

ನಂಜನಗೂಡಿನ ಬಗ್ಗೆ ಎರಡೇ ಪುಟ ಇದ್ದವು. ಅದನ್ನು ಮೊದಲು ಓದಿಸಿಕೊಂಡು, ಆಮೇಲೆ ಮೊದಲಿನಿಂದ ಪೂರ್ತಿ ಓದಿಸಿಕೊಂಡರು. ತಮ್ಮ ಅಜ್ಜಿಯ ಮೂವರು ಮಕ್ಕಳು ಪ್ಲೇಗಿನಲ್ಲಿ ಒಂದೇ ವಾರದಲ್ಲಿ ಹೋದದ್ದನ್ನು ಹೇಳಿದರು. ಅಜ್ಜಿ ಆಮೇಲೆ ಮತ್ತೆ ಹೆತ್ತಳು, ಹಪ್ಪಳ ಒತ್ತಿದಳು, ತೊಂಬತ್ತು ದಾಟಿ ಸತ್ತಳು. "ಆ ಮೂವರ ಹೆಸರೇನಿತ್ತು ಅಂತ ನಾನು ಕೇಳಲೇ ಇಲ್ಲ ನೋಡು" ಎಂದರು.

ಪುಸ್ತಕದ ಕೊನೆಯಲ್ಲಿ ಊರೂರಿನ ಸಾವಿನ ಲೆಕ್ಕ ಕೊಟ್ಟಿದ್ದರು. ಶ್ರೀವಿದ್ಯಾ ಅದನ್ನು ಬಿಟ್ಟು ಮುಗಿಸಬೇಕೆಂದಿದ್ದಳು. ಶಾರದಮ್ಮ ಬಿಡಲಿಲ್ಲ. ಕೇಳಿ ಮುಗಿದ ಮೇಲೆ ಕೈ ಚಾಚಿ ಗಾಳಿಯಲ್ಲಿ ತಡವಿದರು. ಶ್ರೀವಿದ್ಯಾ ತನ್ನ ಕೈ ಕೊಟ್ಟಳು.

"ಇಷ್ಟು ಜನ ಸತ್ರಲ್ಲ, ಎಲ್ಲರ ಮನೇಲೂ ಒಬ್ಬೊಬ್ಬ ಸೊಸೆ ಇದ್ದಿರ್ತಾಳೆ ಕಣೇ ವಿದ್ಯಾ, ಬೈಯ್ಯೋಕೆ."

ಅಷ್ಟೇ ಹೇಳಿದ್ದು. ಅದಕ್ಕಿಂತ ಹೆಚ್ಚು ಅವರು ಎಂದೂ ಹೇಳಲಿಲ್ಲ. ಶ್ರೀವಿದ್ಯಾ ಬಚ್ಚಲಿಗೆ ಹೋಗಿ ನಲ್ಲಿ ಜೋರಾಗಿ ಬಿಟ್ಟು ಅತ್ತಳು.

ಆಮೇಲಿನ ಕೆಲವು ತಿಂಗಳು ಆ ಮನೆಯಲ್ಲಿ ನೆಮ್ಮದಿ ಇತ್ತು ಎನ್ನಬಹುದು. ನೆಮ್ಮದಿ ಎಂದರೆ ನಗುವಲ್ಲ. ಒಬ್ಬರ ಎದುರು ಒಬ್ಬರು ಮೈ ಬಿಗಿಹಿಡಿದು ಕೂರಬೇಕಾಗಿರಲಿಲ್ಲ, ಅಷ್ಟೇ. ಕೋಟೆಗಳ ಚರಿತ್ರೆ ಓದಿದರು, ಮೀನುಗಾರರ ಬದುಕಿನ ಪುಸ್ತಕ ಓದಿದರು. ಕೊಲೆ ಕಥೆಗಳೂ ಮತ್ತೆ ಬಂದವು. ಒಂದು ಸಲ ಹರಿದಾಸರು, "ಇದನ್ನ ನೋಡ್ರಿ, ಹುಡುಗರಿಗೆ ಅಂತ ಬರದಾರ, ಆದರ ದೊಡ್ಡವರೂ ಓದಬಹುದು" ಎಂದು ಒಂದು ಅದ್ಭುತ ಕಥೆಯ ಪುಸ್ತಕ ಕೊಟ್ಟರು.

ನೆಲದಡಿಯ ಒಂದು ನಗರದ ಕಥೆ. ಅಲ್ಲಿ ನದಿ ತಗ್ಗಿನಿಂದ ಏರಿಗೆ ಹರಿಯುತ್ತದೆ. ಆ ನಗರದ ರಾಣಿ ಸತ್ತವರ ಹೆಸರುಗಳನ್ನು ಮಡಕೆಗಳಲ್ಲಿ ಕೂಡಿಟ್ಟು ಬಾಯಿ ಕಟ್ಟಿರುತ್ತಾಳೆ. ಮೇಲಿನ ಲೋಕದಲ್ಲಿ ಯಾರಾದರೂ ಬೇರೇನೂ ನೆನೆಯದೆ ಆ ಹೆಸರನ್ನು ಮೂರು ಸಲ ಕೂಗಿದರೆ ಮಡಕೆ ಒಡೆಯುತ್ತದೆ. ಹೆಸರಿನವನು ಎದ್ದು ಮನೆಗೆ ಬರುತ್ತಾನೆ. ಕಥೆಯಲ್ಲಿ ಒಬ್ಬ ಕುಂಬಾರಗಿತ್ತಿ ತನ್ನ ಮಗನನ್ನು ಹಾಗೆ ಕರೆಸಿಕೊಳ್ಳುತ್ತಾಳೆ.

ಶ್ರೀವಿದ್ಯಾ ಓದುವಾಗಲೇ ಹಿಂಜರಿದಳು. "ಇದು ಬೇಡ ಅತ್ತೆ, ಬೇರೆ ತರ್ತೀನಿ."

"ಯಾಕೆ? ಚೆನ್ನಾಗಿದೆ, ಓದು" ಎಂದರು ಶಾರದಮ್ಮ. ಕುಂಬಾರಗಿತ್ತಿಯ ಮಗ ಒದ್ದೆ ಕಾಲಿನಲ್ಲಿ ಬಾಗಿಲಿಗೆ ಬಂದು ನಿಲ್ಲುವ ಪುಟವನ್ನು ಎರಡು ಸಲ ಓದಿಸಿದರು. ಮುಗಿದ ಮೇಲೂ ಅದನ್ನೇ ಮತ್ತೆ ಓದೆಂದರು. ಪುಸ್ತಕದ ಗಡುವು ಮುಗಿದಿತ್ತು. ಶ್ರೀವಿದ್ಯಾ ಹೇಳಿ ಕೇಳಿ ಇನ್ನಷ್ಟು ದಿನ ಇಟ್ಟುಕೊಂಡಳು.

ಒಂದು ಶನಿವಾರ ಮಧ್ಯಾಹ್ನ ತರಕಾರಿಗೆಂದು ಹೊರಟವಳು ಚೀಲ ಮರೆತು ಹಿಂದಕ್ಕೆ ಬಂದಳು. ಅವಳು ಬಂದದ್ದು ಶಾರದಮ್ಮನಿಗೆ ತಿಳಿಯಲಿಲ್ಲ. ನಡುಮನೆಯ ಕುರ್ಚಿಯಲ್ಲಿ ನೆಟ್ಟಗೆ ಕೂತು, ಎರಡೂ ಕೈಗಳನ್ನು ತೊಡೆಯ ಮೇಲಿಟ್ಟುಕೊಂಡು, "ಮಧೂ" ಎಂದು ಕೂಗಿದರು. ಊಟಕ್ಕೆ ಕರೆಯುವ ದನಿ. ಸ್ವಲ್ಪ ಬಿಟ್ಟು ಮತ್ತೊಮ್ಮೆ, "ಮಧೂ". ಆಮೇಲೆ ಬಾಯಿ ತೆರೆದರು, ಆದರೆ ದನಿ ಹೊರಡಲಿಲ್ಲ. ತುಟಿ ಕಚ್ಚಿಕೊಂಡು ಹಾಗೇ ಕೂತರು. ಮೂರನೆಯ ಸಲ ಕೂಗಿಯೂ ಅವನು ಬಾರದಿದ್ದರೆ ಆಮೇಲೆ ಕೂಗಲು ಏನೂ ಉಳಿಯುವುದಿಲ್ಲ. ಬಾಗಿಲ ಬಳಿ ನಿಂತ ಶ್ರೀವಿದ್ಯಾಗೆ ಅದು ಅರ್ಥವಾಯಿತು. ಚೀಲ ತೆಗೆದುಕೊಳ್ಳದೆ, ಸದ್ದು ಮಾಡದೆ ಮೆಟ್ಟಿಲಿಳಿದು ಹೋದಳು.

ಸೋಮವಾರವೇ ಆ ಪುಸ್ತಕವನ್ನು ಹಿಂತಿರುಗಿಸಿದಳು. ಶಾರದಮ್ಮ ಅದರ ಬಗ್ಗೆ ಕೇಳಲೂ ಇಲ್ಲ.

ಮುಂದಿನ ವಾರ ಆಫೀಸಿಗೆ ಫೋನು ಬಂತು. ಮಹಡಿಯ ಮೇಲಿರುವ ಮನೆಯೊಡತಿ ಸರಸ ಮಾಮಿಯದು. "ವಿದ್ಯಾ, ಉಡನೇ ವಾಮ್ಮಾ. ಉನ್ ಮಾಮಿಯಾರ್ ಕೀಳೆ ವಿಳುಂದುಟ್ಟಾ." ಅತ್ತೆ ಬಿದ್ದರೆಂದು ಕೇಳಿದ್ದೇ ಶ್ರೀವಿದ್ಯಾ ರೈಲು ಕಾಯದೆ ಆಟೋ ಹಿಡಿದು ಬಂದಳು. ಬೀದಿಯ ಬಾಗಿಲು ಹಾರುಹೊಡೆದಿತ್ತು. ಹೊರಗಿನ ಮೆಟ್ಟಿಲ ಕೆಳಗೆ ಶಾರದಮ್ಮನನ್ನು ಚಾಪೆಯ ಮೇಲೆ ಮಲಗಿಸಿ ಸರಸ ಮಾಮಿ ಗಾಳಿ ಬೀಸುತ್ತಿದ್ದಳು. ಬಿಸಿಲಿಗೆ ಮುಖ ಕಪ್ಪಿಟ್ಟಿತ್ತು. ಒಂದು ಕಾಲು ಹೊರಕ್ಕೆ ತಿರುಗಿಕೊಂಡಿತ್ತು.

"ಬಾಗಿಲು ಯಾಕೆ ತೆಗೆದ್ರಿ ಅತ್ತೆ? ಹೊರಗೆ ಯಾಕೆ ಬಂದ್ರಿ?"

"ಯಾರೋ ಬಂದ ಹಾಗಾಯ್ತು ಕಣೇ" ಎಂದರು ಶಾರದಮ್ಮ.

ಶ್ರೀವಿದ್ಯಾ ಅವರ ತಲೆಯನ್ನು ತನ್ನ ತೊಡೆಯ ಮೇಲೆ ಇಟ್ಟುಕೊಂಡಳು.

ಸೊಂಟದ ಮೂಳೆ ಮುರಿದಿತ್ತು. ಕೌಸಲ್ಯಾಳಿಗೆ ಹೋಗಿ ಬರಲು ಅನುಕೂಲವೆಂದು ಕೀಲ್ಪಾಕಿನ ಆಸ್ಪತ್ರೆಗೆ ಸೇರಿಸಿದರು. ಆಪರೇಷನ್ ಮಾಡಿ ರಾಡು ಹಾಕಿದರು. ಶಾರದಮ್ಮನಿಗೆ ಔಷಧದ ಮಂಪರಿನಲ್ಲಿ ಮಾತು ಎಲ್ಲೆಲ್ಲೋ ಹೋಗುತ್ತಿತ್ತು. ನದಿ ಮೇಲಕ್ಕೆ ಹರಿಯುತ್ತೆ ಎಂದರು, ಮಡಕೆ ಎಂದರು, ಪಾನಕದ ಲೋಟ ಎಂದರು. ಕೌಸಲ್ಯಾ ಅತ್ತಿಗೆಯನ್ನು ವರಾಂಡಕ್ಕೆ ಕರೆದಳು.

"ಅತ್ತಿಗೆ, ಅಮ್ಮ ಏನೇನೋ ಪೇಸ್ತಿದಾಳೆ, ಮಾತಿಗೆ ತಲೆಬುಡ ಇಲ್ಲ. ಕೊಲೆ, ವಿಷ, ಸತ್ತೋರ ಹೆಸರು. ಏನಿದೆಲ್ಲ?"

ಶ್ರೀವಿದ್ಯಾ ಮುಚ್ಚಿಡದೆ ಹೇಳಿದಳು. ಮಧುವನ್ನು ಕೂಗಿದ್ದನ್ನೂ ಹೇಳಿದಳು. ಕೇಳುತ್ತ ಕೇಳುತ್ತ ಕೌಸಲ್ಯಾಳ ಕಣ್ಣು ತುಂಬಿತು, ಆಮೇಲೆ ಮುಖ ಗಟ್ಟಿಯಾಯಿತು.

"ಕಣ್ಣಿಲ್ಲದ ಮುದುಕಿಗೆ ಇಂಥದ್ದನ್ನ ಓದಿ ಹೇಳಿದ್ರಾ? ಅವಳು ಎಷ್ಟು ಪಾರಾಯಣ ಮಾಡಿದ ಜೀವ! ಹರಿನಾಮ ಕೇಳ್ಬೇಕಾದ ವಯಸ್ಸಲ್ಲಿ... ಅಣ್ಣ ಹೋದದ್ದು ಸಾಲ್ದಾ ಅತ್ತಿಗೆ ನಿಮಗೆ?"

ಆ ಕೊನೆಯ ಮಾತು ಬಾಯಿ ಜಾರಿ ಬಂದದ್ದು. ಬಂದ ಮೇಲೆ ಕೌಸಲ್ಯಾ ತಾನೇ ಬೆಚ್ಚಿದಳು.  ಶ್ರೀವಿದ್ಯಾಗೂ ಅದೇ ಅನ್ನಿಸುತ್ತಿತ್ತು. ಬೇಡವೆಂದು ಮನಸ್ಸು ಹೇಳಿದಾಗಲೇ ಆ ಪುಸ್ತಕ ಮುಚ್ಚಬೇಕಾಗಿತ್ತು.

ಆಸ್ಪತ್ರೆಯಿಂದ ಶಾರದಮ್ಮ ಅಂಬತ್ತೂರಿಗೆ ಹೋದರು. ಹಗಲು ನೋಡಿಕೊಳ್ಳಲು ಅಲ್ಲಿ ಜನವಿತ್ತು. ಅದು ಸರಿಯೇ ಎಂದು ಶ್ರೀವಿದ್ಯಾಳೂ ಒಪ್ಪಿದಳು. ಭಾನುವಾರ ಭಾನುವಾರ ರೈಲು ಬದಲಿಸಿ ಅಲ್ಲಿಗೆ ಹೋಗುತ್ತಿದ್ದಳು. ಶಾರದಮ್ಮನ ಮಂಚ ಕಿಟಕಿಯ ಪಕ್ಕ ಇತ್ತು. ತಲೆಯ ಹತ್ತಿರ ಒಂದು ಟೇಪ್ ರೆಕಾರ್ಡರ್. ಕೌಸಲ್ಯಾ ಪ್ರೀತಿಯಿಂದಲೇ ತಂದ ಪ್ರವಚನದ ಕ್ಯಾಸೆಟ್ಟುಗಳು ಬೆಳಗಿನಿಂದ ಓಡುತ್ತಿದ್ದವು, ಒಂದು ಮಗ್ಗುಲು ಮುಗಿದರೆ ಇನ್ನೊಂದು. ಶಾರದಮ್ಮ ಇಳಿದುಹೋದರು. ಊಟ ಕಡಿಮೆಯಾಯಿತು, ಬೆನ್ನಿನಲ್ಲಿ ಹುಣ್ಣಾಯಿತು. ಕೌಸಲ್ಯಾ ಮುಖ ತಿರುವದೆ ಅದನ್ನು ತೊಳೆದು ಔಷಧಿ ಹಚ್ಚುತ್ತಿದ್ದಳು. ತಾಯಿಗೆ ಅವಳು ಮಾಡಿದ ಸೇವೆಯಲ್ಲಿ ಕೊರತೆ ಇರಲಿಲ್ಲ.

ಒಂದು ಭಾನುವಾರ ಮನೆಯವರೆಲ್ಲ ಒಂದು ಗೃಹಪ್ರವೇಶಕ್ಕೆ ಹೋಗಿದ್ದರು. ಕ್ಯಾಸೆಟ್ಟು ಓಡುತ್ತಿತ್ತು.

"ಅದನ್ನ ನಿಲ್ಲಿಸು" ಎಂದರು ಶಾರದಮ್ಮ.

ಶ್ರೀವಿದ್ಯಾ ನಿಲ್ಲಿಸಿದಳು. ಮನೆ ಸ್ತಬ್ಧವಾಯಿತು. ದೂರದ ಕಾರ್ಖಾನೆಯೊಂದರ ಯಂತ್ರದ ಸದ್ದು ಮಾತ್ರ.

"ಪುಸ್ತಕ ತಂದಿದೀಯಾ?"

"ಇಲ್ಲ ಅತ್ತೆ. ಕೌಸಲ್ಯಾಗೆ ಇಷ್ಟ ಇಲ್ಲ."

"ಅವಳು ಪಾಪದ್ದು. ಅವಳಿಗೇನು ಗೊತ್ತು" ಎಂದರು. ಉಸಿರು ಎಳೆದು ಎಳೆದು ಮಾತಾಡುತ್ತಿದ್ದರು. "ನಿಂಗೊಂದು ಹೇಳ್ತೀನಿ. ಮಧು ಹೋದ ಮೇಲೆ ನಾನು ಒಂದು ದಿನಾನೂ ಪಾರಾಯಣ ಮಾಡಿಲ್ಲ ಕಣೇ. ಪುಸ್ತಕ ತೆಗೆದು ತುಟಿ ಆಡಿಸ್ತಿದ್ದೆ. ಒಳಗೆ ಏನೂ ಇರ್ಲಿಲ್ಲ. ನಿಲ್ಲಿಸೋಕೆ ಭಯ. ನಿಲ್ಲಿಸಿದ್ರೆ ನೀನು ಏನಂದುಕೋತೀಯೋ, ಆ ದೇವ್ರು ಏನಂದುಕೋತಾನೋ. ಕಣ್ಣು ಹೋದಾಗ, ಸದ್ಯ, ಬಿಡುಗಡೆ ಆಯ್ತು ಅಂದುಕೊಂಡೆ. ಅಷ್ಟರಲ್ಲಿ ನೀನು ಅಕ್ಷರ ಕಲಿತುಕೊಂಡು ಬಂದು ಎದುರಿಗೆ ಕೂತೆ!"

ಅವರ ಎದೆಯಿಂದ ಒಂದು ಸದ್ದು ಬಂತು. ಕೆಮ್ಮು ಎಂದುಕೊಂಡು ಶ್ರೀವಿದ್ಯಾ ನೀರಿನ ಲೋಟ ಹಿಡಿದಳು. ಅದು ನಗು.

"ನಾನು ಹೇಗೆ ಓದ್ತಿದ್ದೆ ಅಂದ್ರೆ..." ಎಂದು ಶ್ರೀವಿದ್ಯಾಳೂ ನಗಲು ಹೋದಳು.  "ಅತ್ತೆ, ಆ ಮಡಕೆ ಕಥೆ ನಾನು ಓದಬಾರದಾಗಿತ್ತು."

"ಯಾಕೆ?"

"ನೀವು ಬಿದ್ದದ್ದು ಅದರಿಂದ ತಾನೆ."

 ಶಾರದಮ್ಮ ತಡವಿ ಅವಳ ಕೈ ಹಿಡಿದರು. "ಬಾಗಿಲ ತನಕ ನಡೆದೆನಲ್ಲ, ಆವಾಗ ನನ್ನ ಮಗ ಬಂದಿದಾನೆ ಅಂತಲೇ ನಡೆದೆ. ಏಳೆಂಟು ಹೆಜ್ಜೆ ಇರಬಹುದು. ಅಷ್ಟು ಹೆಜ್ಜೆ ಅವನು ಬದುಕಿದ್ದ. ಅದಕ್ಕೆ ನೀನು ಅಳಬೇಡ." ಆಮೇಲೆ, "ಕೌಸಲ್ಯಾ ದೇವರ ಗೂಡಲ್ಲಿ ನನ್ನ ಪಾರಾಯಣದ ಪುಸ್ತಕ ಇಟ್ಟಿದಾಳೆ. ತಗೊಂಡು ಬಾ. ಓದು."

"ಬೇಡ ಅಂದಿದ್ರಲ್ಲ?"

"ಅವತ್ತು ಬೇಡ ಅಂದೆ. ಇವತ್ತು ಓದು. ನಂಬಿಕೆ ಬಂದಿದೆ ಅಂತ ಅಲ್ಲ. ಬರತ್ತೋ ಏನೋ ನೋಡೋಣ. ಬರದಿದ್ರೂ ಕಥೆ ಕಥೆಯೇ ತಾನೆ."

ಶ್ರೀವಿದ್ಯಾ ಓದಿದಳು. ಈ ಸಲ ಅಂಗೈ ಚಾಚಬೇಕಾಗಲಿಲ್ಲ. ಅರ್ಥವಾಗದ ಹಳೆಯ ಮಾತುಗಳಿದ್ದವು, ಅವನ್ನು ದಾಟಿ ಹೋದಳು. ಕಾಡಿನಲ್ಲಿ ಕಳೆದುಹೋದ ಮಗನನ್ನು ಹುಡುಕುವ ತಾಯಿಯೊಬ್ಬಳ ಪ್ರಸಂಗ ಬಂತು. ಅಲ್ಲಿ ದೇವರು ತಡವಾಗಿ ಬರುತ್ತಾನೆ. "ಬಂದನಲ್ಲ, ತಡವಾದ್ರೂ" ಎಂದರು ಶಾರದಮ್ಮ. ಅದು ಸಮಾಧಾನವೋ ದೂರೋ ತಿಳಿಯಲಿಲ್ಲ. ಕೌಸಲ್ಯಾ ಬಂದು ನೋಡಿದಾಗ ಅತ್ತಿಗೆ ಓದುತ್ತಿದ್ದಳು, ತಾಯಿ ಕಣ್ಣು ಮುಚ್ಚಿ ಕೇಳುತ್ತಿದ್ದಳು. ಕೌಸಲ್ಯಾ ಕೈಕಾಲು ತೊಳೆದು ಬಂದು ನೆಲದ ಮೇಲೆ ಕೂತಳು. ಅವಳಿಗೂ ಕನ್ನಡ ಓದಲು ಬರುತ್ತಿರಲಿಲ್ಲ.

ಆಮೇಲೆ ಎರಡು ಭಾನುವಾರ ಓದು ನಡೆಯಿತು. ಮೂರನೆಯ ವಾರದ ನಡುವೆ, ಒಂದು ಬೆಳಿಗ್ಗೆ, ಕಾಫಿ ಕೊಡಲು ಹೋದ ಕೌಸಲ್ಯಾ ತಾಯಿಯ ಕೈ ತಣ್ಣಗಾಗಿರುವುದನ್ನು ಕಂಡಳು.

ಹದಿಮೂರನೆಯ ದಿನದ ಊಟಕ್ಕೆ ಬಂದವರ ಎದುರು ಕೌಸಲ್ಯಾ, "ಅಮ್ಮ ಕೊನೇವರೆಗೂ ಹರಿಕಥೆ ಕೇಳ್ತಾನೇ ಹೋದ್ರು. ಎಂಥ ಭಕ್ತಿ ಅವರದ್ದು" ಎಂದಳು. ಎಲ್ಲರೂ ಹೌದೌದೆಂದರು. ಶ್ರೀವಿದ್ಯಾ ಎಲೆಗೆ ಉಪ್ಪಿನಕಾಯಿ ಬಡಿಸುತ್ತಿದ್ದವಳು ತಲೆ ಎತ್ತಲಿಲ್ಲ. ಹೊರಡುವಾಗ ಕೌಸಲ್ಯಾ ಬಾಗಿಲ ತನಕ ಬಂದು ಅವಳ ಕೈ ಹಿಡಿದುಕೊಂಡಳು. "ಆಸ್ಪತ್ರೇಲಿ ನಾನು ಏನೋ ಅಂದುಬಿಟ್ಟೆ ಅತ್ತಿಗೆ." ಶ್ರೀವಿದ್ಯಾ, "ಪರವಾಗಿಲ್ಲ ಬಿಡು" ಎಂದಳು. ನಿಜಕ್ಕೂ ಅದು ಪರವಾಗಿಲ್ಲ ಎನ್ನುವಂಥ ಮಾತಾಗಿರಲಿಲ್ಲ. ಆದರೂ ಅದನ್ನು ಹೊತ್ತುಕೊಂಡು ಇಬ್ಬರೂ ಬದುಕಬೇಕಾಗಿತ್ತು.

ಕ್ರೋಂಪೇಟೆಯ ಮನೆಯನ್ನು ಅವಳು ಬಿಡಲಿಲ್ಲ. ಬೇರೆಲ್ಲಿಗೆ ಹೋಗುವುದು? ಕೆಲವು ತಿಂಗಳು ಸಂಜೆ ಬಂದವಳು ಟಿವಿ ಹಾಕಿಕೊಂಡು ಕೂತಿರುತ್ತಿದ್ದಳು. ಏನು ನೋಡಿದೆನೆಂದು ಕೇಳಿದರೆ ಹೇಳಲು ಬರುತ್ತಿರಲಿಲ್ಲ. ಒಂದು ದಿನ ಮಾಂಬಲಂನಲ್ಲಿ ರೈಲು ನಿಂತಾಗ ಇಳಿದುಬಿಟ್ಟಳು. ಹರಿದಾಸರು ಅವಳನ್ನು ನೋಡಿ ಎದ್ದು ನಿಂತರು. ವಿಷಯ ಯಾರಿಂದಲೋ ಅವರಿಗೆ ತಿಳಿದಿತ್ತು. "ಏನ ಹೇಳಬೇಕೋ ತಿಳೀವಲ್ದರೀ" ಎಂದು, ಸುಮ್ಮನೆ ದೀಪ ಹಾಕಿ ಕೊಟ್ಟು ಹೊರಗೆ ಹೋಗಿ ಕೂತರು. ಅವಳು ರ‍್ಯಾಕುಗಳ ನಡುವೆ ಬಹಳ ಹೊತ್ತು ನಿಂತಳು. ಇದು ಅತ್ತೆಗೆ ಹಿಡಿಸುತ್ತದೆ, ಇದು ಹಿಡಿಸುವುದಿಲ್ಲ ಎಂದೇ ಕೈ ಆರಿಸುತ್ತಿತ್ತು. ತನಗೆ ಏನು ಬೇಕೆಂದು ಅವಳಿಗೆ ಗೊತ್ತಾಗಲಿಲ್ಲ. ಕೊನೆಗೆ ಕೈಗೆ ಸಿಕ್ಕಿದ ಒಂದನ್ನು, ಹೆಸರು ಕೂಡ ನೋಡದೆ, ತೆಗೆದುಕೊಂಡಳು.

ಅದು ಸಮುದ್ರದಲ್ಲಿ ದಾರಿ ತಪ್ಪಿದ ಹಡಗೊಂದರ ಕಥೆ. ರಾತ್ರಿಯ ಊಟಕ್ಕೆ ಕುಕ್ಕರ್ ಇಟ್ಟು, ನಡುಮನೆಯಲ್ಲಿ ಕೂತು ಗಟ್ಟಿಯಾಗಿ ಓದತೊಡಗಿದಳು. ಕುಕ್ಕರ್ ಕೂಗಿತು, ಎದ್ದು ಆರಿಸಿ ಬಂದು ಮತ್ತೆ ಓದಿದಳು. ಮಾತು ಕೇಳಿಸಿ, ಯಾರೋ ಬಂದಿದ್ದಾರೆಂದುಕೊಂಡು ಸರಸ ಮಾಮಿ ಮಹಡಿಯ ಮೆಟ್ಟಿಲಿನಿಂದ ಬಗ್ಗಿ, "ವಿದ್ಯಾ, ಯಾರು ವಂದಿರುಕ್ಕಾ? ಪೇಚ್ಚು ಕೇಕ್ಕರದೇ?" ಎಂದು ಕೇಳಿದಳು.

"ಯಾರೂ ಇಲ್ಲ ಮಾಮಿ" ಎಂದಳು ಶ್ರೀವಿದ್ಯಾ. ದನಿ ಸ್ವಲ್ಪ ತಗ್ಗಿಸಿದಳು, ಆದರೆ ಓದುವುದನ್ನು ನಿಲ್ಲಿಸಲಿಲ್ಲ.